ಚಿತ್ರದುರ್ಗದ ಗುಡ್ಡಗಳ ಮಾಗಳಿ: ಬೇರಿಗೆ ಬೆಲೆ ಬಂತು, ಬುಡಕ್ಕೆ ಯಾರು?

ಚಳಿಗಾಲ ಮುಗಿಯುವ ಹೊತ್ತಿಗೆ ಚಿತ್ರದುರ್ಗ, ಹಿರಿಯೂರು, ದಾವಣಗೆರೆ ಕಡೆಯ ಸಂತೆಗಳಲ್ಲಿ ಗೋಣಿತಾಟಿನ ಮೇಲೆ ಮಣ್ಣು ಮೆತ್ತಿದ ದಪ್ಪ ಬೇರುಗಳು ರಾಶಿ ಬೀಳುತ್ತವೆ. ಮುರಿದು ಮೂಗಿಗೆ ಹಿಡಿದರೆ ವೆನಿಲಾದಂಥ ಗಾಢ ಘಮ. ಅದೇ ಮಾಗಳಿ ಬೇರು. ಕೆಲವು ಕಡೆ ಮಾಕಳಿ ಬೇರು ಎನ್ನುತ್ತಾರೆ. ಮಜ್ಜಿಗೆಯಲ್ಲಿ ಹಾಕಿದ ಇದರ ಉಪ್ಪಿನಕಾಯಿ ಇಲ್ಲದೆ ಊಟ ಸೇರದ ಮನೆಗಳು ಬಯಲುಸೀಮೆಯಲ್ಲಿ ಬೇಕಾದಷ್ಟಿವೆ. ಈ ಬೇರಿನ ಬಹುಪಾಲು ಹೊಲದಲ್ಲಿ ಬೆಳೆದದ್ದಲ್ಲ, ಗುಡ್ಡದ ಬಂಡೆಗಳ ಸಂದಿಯಿಂದ ಹಾರೆ ಹಾಕಿ ಕಿತ್ತದ್ದು. ಕಿತ್ತ ಜಾಗದಲ್ಲಿ ಮತ್ತೆ ಗಿಡ ಬರುತ್ತದೆಯೇ ಎಂದು ಕೇಳುವವರು ಕಡಿಮೆ.

ಸಸ್ಯಶಾಸ್ತ್ರದಲ್ಲಿ ಇದರ ಹೆಸರು ಡೆಕಾಲೆಪಿಸ್ ಹ್ಯಾಮಿಲ್ಟೋನಿ. ಎಕ್ಕ, ಕಣಗಿಲೆಗಳ ಕುಟುಂಬವಾದ ಅಪೋಸಿನೇಸಿಗೆ ಸೇರಿದ್ದು. ದಕ್ಷಿಣ ಭಾರತದ ಒಣ ಗುಡ್ಡಗಳನ್ನು ಬಿಟ್ಟರೆ ಜಗತ್ತಿನ ಬೇರೆಲ್ಲೂ ಇದು ಸಹಜವಾಗಿ ಬೆಳೆಯುವುದಿಲ್ಲ. ಅಂತರರಾಷ್ಟ್ರೀಯ ಪ್ರಕೃತಿ ಸಂರಕ್ಷಣಾ ಒಕ್ಕೂಟವಾದ ಐಯುಸಿಎನ್ ತನ್ನ ಕೆಂಪುಪಟ್ಟಿಯಲ್ಲಿ ಇದನ್ನು ಅಳಿವಿನಂಚಿನ ವರ್ಗದಲ್ಲಿಟ್ಟಿದೆ. ಇದಕ್ಕಿಂತ ಮೇಲಿನದು ತೀವ್ರ ಅಳಿವಿನಂಚಿನ ವರ್ಗ. ಅದರಾಚೆ ಕಾಡಿನಲ್ಲಿ ನಿರ್ನಾಮ ಎಂಬ ಷರಾ.

ಮಾಗಳಿಯ ಚರ್ಚೆ ಬಂದಾಗಲೆಲ್ಲ ಎರಡು ಮಾತು ಕೇಳಿಬರುತ್ತವೆ. ಅಗೆಯುವುದನ್ನು ನಿಲ್ಲಿಸಿ ಎನ್ನುವುದು ಒಂದು, ಬೆಳೆಸಲು ಶುರು ಮಾಡಿ ಎನ್ನುವುದು ಇನ್ನೊಂದು. ಎರಡೂ ಸರಿಯೇ. ಆದರೆ ಒಂದು ಗುಡ್ಡದಲ್ಲಿ ಕಾಯಿ ಕಟ್ಟುವ ಬುಡಗಳು ಎಷ್ಟು ಉಳಿದಿವೆ ಎಂಬ ಲೆಕ್ಕ ಇಲ್ಲದೆ ಇವೆರಡೂ ನಿಲ್ಲುವುದಿಲ್ಲ. ಆ ಲೆಕ್ಕವನ್ನು ಇಂದು ಯಾರೂ ಇಡುತ್ತಿಲ್ಲ. ವ್ಯಾಪಾರಿ ಬೇರನ್ನು ಕೆ.ಜಿ.ಯಲ್ಲಿ ತೂಗುತ್ತಾನೆ, ಇಲಾಖೆ ಕಾಡನ್ನು ಹೆಕ್ಟೇರಿನಲ್ಲಿ ಅಳೆಯುತ್ತದೆ. ಬುಡ ಎರಡೂ ಲೆಕ್ಕದಿಂದ ಹೊರಗೆ ಉಳಿದಿದೆ.

ಗಿಡವನ್ನು ಗುರುತಿಸುವುದು

ಮಾಗಳಿ ಒಂದು ಬಳ್ಳಿಪೊದೆ. ಆಸರೆ ಸಿಕ್ಕರೆ ಪಕ್ಕದ ಬಂದರೆ ಎಂಬ ಗಿಡದ ಮೇಲೋ ಕಾರೆ ಪೊದೆಯ ಮೇಲೋ ಹತ್ತುತ್ತದೆ, ಸಿಗದಿದ್ದರೆ ಬಂಡೆಯ ಮೇಲೇ ಹರಡಿಕೊಳ್ಳುತ್ತದೆ. ಕಾಂಡ ನುಣುಪು, ಗಿಣ್ಣುಗಳು ಎದ್ದು ಕಾಣುತ್ತವೆ. ಎಲೆಗಳು ಎದುರುಬದುರು, ಹೆಚ್ಚುಕಡಿಮೆ ದುಂಡಗೆ ಅಥವಾ ಮೊಟ್ಟೆಯಾಕಾರದಲ್ಲಿ, ಮುಟ್ಟಿದರೆ ನಯವಾಗಿರುತ್ತವೆ. ಚಿವುಟಿದರೆ ಹಾಲು ಬರುತ್ತದೆ.

ಸೊಗದೆ ಬೇರಿನ ಬಳ್ಳಿಯ ಜೊತೆ ಇದನ್ನು ಗೊಂದಲ ಮಾಡಿಕೊಳ್ಳುವವರು ಬಹಳ. ಸೊಗದೆಯ ಎಲೆ ಸಾಮಾನ್ಯವಾಗಿ ಕಿರಿದು, ಉದ್ದ. ನಡುನರದ ಗುಂಟ ಬಿಳಿ ಪಟ್ಟೆ ಕಾಣುತ್ತದೆ. ಅದರ ಬೇರು ತೆಳು, ಗಟ್ಟಿ, ತಂತಿಯ ಹಾಗೆ ಬಾಗುತ್ತದೆ. ಮಾಗಳಿಯ ಬೇರು ರಸಭರಿತ, ಒಂದರಿಂದ ಆರು ಸೆಂ.ಮೀ.ವರೆಗೂ ದಪ್ಪ, ಒಂದೇ ಬುಡದಿಂದ ಗೊಂಚಲಾಗಿ ಇಳಿದಿರುತ್ತದೆ. ಬೇರನ್ನು ಸೀಳಿದರೆ ಹೊರಗೆ ಬಿಳಿ ತಿರುಳು, ನಡುವೆ ತೆಳ್ಳನೆ ಕಟ್ಟಿಗೆಯಂಥ ನಾರು. ಈ ನಾರಿನ ಪಾಲು ಬೇರಿನ ತೂಕದಲ್ಲಿ ಹತ್ತನೆಯ ಒಂದಂಶಕ್ಕಿಂತಲೂ ಕಡಿಮೆ, ಉಳಿದದ್ದೆಲ್ಲ ತಿರುಳೇ. ಇಷ್ಟೊಂದು ತಿರುಳಿರುವುದರಿಂದಲೇ ಮಾರುಕಟ್ಟೆಯ ಕಣ್ಣು ಇದರ ಮೇಲೆ ಬಿದ್ದದ್ದು.

ಹೂವು ಬೇಸಿಗೆಯ ಮೊದಲ ಮಳೆಗಳ ಆಸುಪಾಸಿನಲ್ಲಿ, ಏಪ್ರಿಲ್-ಮೇ ಹೊತ್ತಿಗೆ ಬರುತ್ತದೆ. ದೂರದಿಂದ ನೋಡಿದವರಿಗೆ ಅದು ಹೂವೆಂದೇ ತಿಳಿಯದಷ್ಟು ಚಿಕ್ಕದು: ಹಳದಿ ಛಾಯೆಯ ಬಿಳಿ, ಐದು ದಳ, ದಳದ ಒಳಬದಿಯಲ್ಲಿ ನವಿರಾದ ಕೂದಲು. ಗೊಂಚಲು ಕವಲೊಡೆಯುತ್ತ ಹೋಗುತ್ತದೆ. ಮಸೂರ ಹಿಡಿದು ನೋಡಿದರೆ ಈ ಹೂವಿನ ಕಷ್ಟ ಅರ್ಥವಾಗುತ್ತದೆ. ಇದರ ಪರಾಗ ಪುಡಿಯಾಗಿ ಗಾಳಿಗೆ ಉದುರುವುದಿಲ್ಲ. ಚಮಚದಾಕಾರದ ಒಂದು ಪುಟ್ಟ ಭಾಗದ ಮೇಲೆ ಮುದ್ದೆಯಾಗಿ ಕೂತಿರುತ್ತದೆ. ಅದರ ತುದಿಯ ಅಂಟು ಬಂದ ಕೀಟಕ್ಕೆ ಹತ್ತಿಕೊಂಡು, ಆ ಕೀಟ ಇನ್ನೊಂದು ಹೂವಿಗೆ ಹೋಗಿ ಸರಿಯಾದ ಜಾಗಕ್ಕೆ ತಾಗಿದರೆ ಮಾತ್ರ ಕಾಯಿ ನಿಲ್ಲುತ್ತದೆ. ಹಾಗಾಗಿ ನೂರಾರು ಹೂ ಬಿಟ್ಟ ಬಳ್ಳಿಯಲ್ಲಿ ಬೆರಳೆಣಿಕೆಯ ಕಾಯಿ ಕಂಡರೆ ಅಚ್ಚರಿಯಿಲ್ಲ. ಗುಡ್ಡದಲ್ಲಿ ಗಿಡಗಳು ಒಂದಕ್ಕೊಂದು ದೂರವಾದಂತೆಲ್ಲ ಕೀಟಕ್ಕೆ ಒಂದರಿಂದ ಇನ್ನೊಂದಕ್ಕೆ ಹೋಗುವ ಕಾರಣವೂ ಕಮ್ಮಿಯಾಗುತ್ತದೆ. ಅಲ್ಲೊಂದು ಇಲ್ಲೊಂದು ಗಿಡ ಉಳಿದಿದೆಯಲ್ಲ ಎಂದು ಸಮಾಧಾನ ಪಡುವ ಹಾಗಿಲ್ಲ.

ಕಾಯಿಗಳು ಜೋಡಿ ಜೋಡಿಯಾಗಿ, ಆಡಿನ ಕೊಂಬಿನ ಹಾಗೆ ಎರಡು ದಿಕ್ಕಿಗೆ ಚಾಚಿಕೊಂಡಿರುತ್ತವೆ. ತಿಂಗಳುಗಟ್ಟಲೆ ಹಸಿರಾಗಿದ್ದು, ಚಳಿಗಾಲ ಕಳೆದು ಬಿಸಿಲೇರುವಾಗ ಒಣಗಿ ಒಂದು ಬದಿಯ ಹೊಲಿಗೆ ಬಿಟ್ಟು ಬಿರಿಯುತ್ತವೆ. ಒಳಗಿನ ಚಪ್ಪಟೆ ಬೀಜಕ್ಕೆ ರೇಷ್ಮೆಯಂಥ ಬಿಳಿ ಕುಚ್ಚು. ಗಾಳಿ ಅದನ್ನು ಎತ್ತಿಕೊಂಡು ಹೋಗುತ್ತದೆ. ಬಹಳಷ್ಟು ಬೀಜ ಬರಿಯ ಬಂಡೆಯ ಮೇಲೋ ರಸ್ತೆಯ ಮೇಲೋ ಬಿದ್ದು ಹಾಳಾಗುತ್ತದೆ. ಎಲ್ಲೋ ಒಂದು ಮಣ್ಣು ತುಂಬಿದ ಸಂದಿಗೆ ಸೇರಿ, ಮುಂದಿನ ಮಳೆಯವರೆಗೆ ಜೀವ ಹಿಡಿದುಕೊಂಡಿದ್ದರೆ ಒಂದು ಸಸಿ.

ಬಂಡೆಯ ಸಂದಿಯೇ ಏಕೆ

ಚಿತ್ರದುರ್ಗ ಜಿಲ್ಲೆಯ ಪೂರ್ವದ ತಾಲ್ಲೂಕುಗಳು ರಾಜ್ಯದ ಅತಿ ಕಡಿಮೆ ಮಳೆಯ ಪ್ರದೇಶಗಳಲ್ಲಿ ಸೇರಿವೆ. ಅಂಥಲ್ಲಿ ಇಷ್ಟು ರಸಭರಿತ ಬೇರಿನ ಗಿಡ ಬದುಕುವುದು ಹೇಗೆ ಎಂಬುದಕ್ಕೆ ಉತ್ತರ ಗುಡ್ಡದ ಕಲ್ಲಿನಲ್ಲಿದೆ. ಒಂದು ಚದರ ಮೀಟರ್ ಬಂಡೆಯ ಮೇಲೆ ಒಂದು ಮಿ.ಮೀ. ಮಳೆ ಬಿದ್ದರೆ ಒಂದು ಲೀಟರ್ ನೀರು. ವರ್ಷಕ್ಕೆ 500 ಮಿ.ಮೀ. ಮಳೆಯಾಗುವ ಕಡೆ ಹತ್ತು ಚದರ ಮೀಟರ್ ಬೋಳು ಬಂಡೆಯ ಮೇಲೆ ಬೀಳುವುದು 5,000 ಲೀಟರ್. ಕಲ್ಲು ಅದನ್ನು ಹೀರುವುದಿಲ್ಲ. ಬಿಸಿಲಿಗೆ ಆರಿದ್ದು ಬಿಟ್ಟು ಉಳಿದದ್ದು ಇಳಿಜಾರಿನಲ್ಲಿ ಹರಿದು ಬುಡದ ಸಂದಿಗೆ ಸೇರುತ್ತದೆ. ಅಂದರೆ ಅಂಗೈ ಅಗಲದ ಆ ಸಂದಿಗೆ ಪಕ್ಕದ ಹೊಲಕ್ಕಿಂತ ಎಷ್ಟೋ ಪಟ್ಟು ಹೆಚ್ಚು ನೀರು. ಮೇಲಿನ ಬಂಡೆ ಮಣ್ಣಿಗೆ ನೆರಳು ಕೊಟ್ಟು ತೇವ ಆರದಂತೆ ಕಾಯುತ್ತದೆ. ಸಂದಿ ಕೆಳಗೆ ಬಿರುಕು ಬಿಟ್ಟಿರುವುದರಿಂದ ನೀರು ನಿಂತು ಬೇರು ಕೊಳೆಯುವುದೂ ಇಲ್ಲ. ನೀರು ಬರಬೇಕು, ನಿಲ್ಲಬಾರದು. ಮಾಗಳಿಗೆ ಬೇಕಾದ ಜಾಗವನ್ನು ಇಷ್ಟರಲ್ಲಿ ಹೇಳಿಬಿಡಬಹುದು.

ಮಳೆಗಾಲದಲ್ಲಿ ಬಂದ ನೀರನ್ನೂ ಪಿಷ್ಟವನ್ನೂ ಗಿಡ ಬೇರಿನಲ್ಲಿ ಕೂಡಿಡುತ್ತದೆ, ಒಣ ತಿಂಗಳುಗಳಲ್ಲಿ ಎಲೆ ಉದುರಿಸುತ್ತದೆ, ಮತ್ತೆ ಮಳೆ ಬಂದಾಗ ಆ ಗಂಟಿನಿಂದಲೇ ಚಿಗುರುತ್ತದೆ. ನಾವು ಉಪ್ಪಿನಕಾಯಿಗೆ ತರುವುದು ಗಿಡ ಕಷ್ಟಕಾಲಕ್ಕೆಂದು ಕೂಡಿಟ್ಟ ಆ ಗಂಟನ್ನು.

ಜೋಗಿಮಟ್ಟಿ, ಹೊಳಲ್ಕೆರೆ-ಹೊಸದುರ್ಗದ ಗುಡ್ಡಸಾಲು, ಮಾರಿಕಣಿವೆಯ ಸುತ್ತ, ಮೊಳಕಾಲ್ಮೂರಿನ ಕಲ್ಲುಗುಡ್ಡಗಳು, ದಾವಣಗೆರೆ ಜಿಲ್ಲೆಯ ಜಗಳೂರು ಕಡೆಯ ಕುರುಚಲು ಕಾಡು, ಇವೆಲ್ಲ ಇಂಥ ಒಣ ನೆಲೆಗಳು. ದಿಂಡಿಗ, ಕಗ್ಗಲಿ, ಬಂದರೆ, ತಂಗಡಿ, ಕಾರೆ, ಕವಳೆ ಇಲ್ಲಿನ ಸಂಗಾತಿಗಳು. ಕಣ್ಣಿಗೆ ಹಸಿರು ಕಡಿಮೆ, ಕಲ್ಲು ಜಾಸ್ತಿ. ಈ ಕಾರಣಕ್ಕೇ ಕಂದಾಯದ ಕಾಗದದಲ್ಲಿ ಅನೇಕ ಗುಡ್ಡಗಳು ಕಲ್ಲುಗುಡ್ಡ ಖರಾಬು ಎಂದೋ ಹುಲ್ಲುಬನ್ನಿ ಖರಾಬು ಎಂದೋ ದಾಖಲಾಗಿವೆ. ಖರಾಬು, ಅಂದರೆ ಸಾಗುವಳಿಗೆ ಬಾರದ ನೆಲ, ಎಂದು ಬರೆದಮೇಲೆ ಅದನ್ನು ಜಲ್ಲಿಗೆ ಒಡೆಯುವುದು, ಮೇಲಕ್ಕೆ ರಸ್ತೆ ಕಡಿಯುವುದು ಯಾರಿಗೂ ನಷ್ಟವಾಗಿ ಕಾಣುವುದಿಲ್ಲ. ಮಾಗಳಿಯ ಮಟ್ಟಿಗೆ ಆ ಕಲ್ಲೇ ಕಾಡು. ಅಗೆದು ಬರಿದಾದ ಸಂದಿಗೆ ಬೀಜ ಬಿದ್ದು ಮತ್ತೆ ಗಿಡವಾದೀತು. ಸಂದಿಯೇ ಪುಡಿಯಾಗಿ ಲಾರಿ ಹತ್ತಿದರೆ ಅದನ್ನು ಯಾವ ನರ್ಸರಿಯೂ ಮರಳಿ ಕೊಡಲಾರದು.

ಗುಡ್ಡದ ನೆತ್ತಿಯಲ್ಲಿ ಗಾಳಿಯಂತ್ರ ನಿಲ್ಲಿಸುವಾಗಲೂ ಗಮನಿಸಬೇಕಾದದ್ದು ಕಂಬ ನಿಂತ ನಾಲ್ಕು ಚದರವನ್ನಲ್ಲ. ಉದ್ದುದ್ದ ರೆಕ್ಕೆ ಹೊತ್ತ ಲಾರಿ ತಿರುಗಲು ಅಗಲವಾಗಿ ಕಡಿದ ರಸ್ತೆ, ಆ ರಸ್ತೆಯ ಮಣ್ಣು-ಕಲ್ಲನ್ನು ಕೆಳಗಿನ ಇಳಿಜಾರಿಗೆ ತಳ್ಳಿದ ರಾಶಿ, ಮಳೆಗೆ ಅದು ಜಾರಿ ಮುಚ್ಚಿಕೊಂಡ ಸಂದಿಗಳು, ಇವು ದೊಡ್ಡ ಹಾನಿ. ಬೋಳು ಗುಡ್ಡವನ್ನು ಹಸಿರು ಮಾಡುತ್ತೇವೆಂದು ಜೆಸಿಬಿಯಿಂದ ಕಂದಕ ತೋಡಿ ನೀಲಗಿರಿ, ಅಕೇಶಿಯ ನೆಡುವ ಕೆಲಸವೂ ಇದೇ ಸಾಲಿನದು. ಕಲ್ಲುಗುಡ್ಡದ ಕುರುಚಲು ಸಹಜ ಕಾಡು. ಅದನ್ನು ತೋಪಾಗಿ ಮಾಡಲು ಹೋಗುವುದು ತಪ್ಪು ಚಿಕಿತ್ಸೆ.

ಅಗೆಯುವಾಗ ಆಗುವುದೇನು

ಅಗೆಯುವವರು ಹಾರೆ, ಪಿಕಾಸಿ ಹಿಡಿದು ಹೋಗುತ್ತಾರೆ. ಬೇರು ಬಂಡೆಯ ಅಡಿಗೆ ಹೊಕ್ಕಿರುವುದರಿಂದ ಮೊದಲು ಸಡಿಲ ಕಲ್ಲುಗಳನ್ನು ಮೀಟಿ ಉರುಳಿಸಬೇಕು. ಬಳಿಕ ಬುಡದ ಸುತ್ತ ಮಣ್ಣು ತೆಗೆದು, ಗೊಂಚಲನ್ನು ಹಿಡಿದೆಳೆದರೆ ಬುಡಸಮೇತ ಬರುತ್ತದೆ. ಬುಡವನ್ನು ಕತ್ತರಿಸಿ ಎಸೆಯುತ್ತಾರೆ, ಬೇರನ್ನು ಚೀಲಕ್ಕೆ ತುಂಬುತ್ತಾರೆ. ಕಲ್ಲಿನಡಿಯಲ್ಲಿ ಮುರಿದು ಉಳಿದ ತುಂಡುಗಳಿಂದ ಮತ್ತೆ ಗಿಡ ಬರುತ್ತದೆ ಎಂಬ ನಂಬಿಕೆ ಕೆಲವರಲ್ಲಿದೆ. ಶುಂಠಿ, ಅರಿಶಿನದ ಗೆಡ್ಡೆ ನಿಜಕ್ಕೂ ಮಣ್ಣಿನೊಳಗಿನ ಕಾಂಡ. ಅದರ ಮೇಲೆ ಕಣ್ಣುಗಳಿವೆ, ತುಂಡು ನೆಟ್ಟರೆ ಮೊಳೆಯುತ್ತದೆ. ಮಾಗಳಿಯದು ಬೇರು. ಚಿಗುರುವ ಕಣ್ಣುಗಳಿರುವುದು ಬುಡದಲ್ಲಿ. ಬುಡ ಹೋದ ಮೇಲೆ ತುಂಡು ಬೇರಿನಿಂದ ಗಿಡ ಸುಲಭವಾಗಿ ಏಳುವುದಿಲ್ಲ.

ಸಂಗ್ರಹದ ಕಾಲ ಇನ್ನೊಂದು ಪೆಟ್ಟು. ಬೇರು ತುಂಬಿಕೊಂಡು ಬೆಲೆ ಬರುವುದು ಮಳೆಗಾಲ ಮುಗಿದ ಮೇಲೆ. ಆಗ ಕಾಯಿ ಇನ್ನೂ ಬಳ್ಳಿಯಲ್ಲೇ ಇರುತ್ತದೆ. ಬಿರಿಯುವ ಮುನ್ನ ಬಳ್ಳಿ ಕಿತ್ತರೆ ಬುಡದ ಜೊತೆ ಆ ವರ್ಷದ ಬೀಜವೂ ಹೋಯಿತು. ಹಾಗೂ ಉಳಿದ ಕಾಯಿ ಬಿರಿಯುವ ಹೊತ್ತಿಗೆ ಗುಡ್ಡಕ್ಕೆ ಬೆಂಕಿ ಬೀಳುತ್ತದೆ. ಹೊಸ ಹುಲ್ಲು ಬರಲಿ ಎಂದು ಒಣಗಿದ ಹುಲ್ಲಿಗೆ ಕಡ್ಡಿ ಗೀರುವುದು, ಬೀಡಿ ತುಂಡು ಎಸೆಯುವುದು ಫೆಬ್ರವರಿ, ಮಾರ್ಚ್‌ನಲ್ಲೇ. ದೊಡ್ಡ ಬುಡ ಕಲ್ಲಿನ ಮರೆಯಲ್ಲಿದ್ದು ಬೆಂಕಿ ದಾಟಿಕೊಳ್ಳಬಹುದು. ಕುಚ್ಚಿನ ಬೀಜಕ್ಕೆ, ಹಿಂದಿನ ವರ್ಷದ ಗೇಣುದ್ದ ಸಸಿಗೆ ಆ ಭಾಗ್ಯವಿಲ್ಲ. ಹೀಗೆ ಒಂದೇ ಗುಡ್ಡದಲ್ಲಿ ಹಳೆಯದು ಹಾರೆಗೆ, ಎಳೆಯದು ಬೆಂಕಿಗೆ ಹೋಗುತ್ತದೆ.

ಸಂತೆಯಲ್ಲಿ ಇದಕ್ಕೆ ಸ್ಪಷ್ಟ ಸೂಚನೆ ಸಿಗುತ್ತದೆ. ರಾಶಿಯಲ್ಲಿ ಹೆಬ್ಬೆರಳಿಗಿಂತ ತೆಳು ಬೇರುಗಳೇ ತುಂಬಿದ್ದರೆ, ಗುಡ್ಡದಲ್ಲಿ ವಯಸ್ಸಾದ ಗಿಡಗಳು ಮುಗಿದು ಎಳೆಯವಕ್ಕೆ ಕೈ ಹಾಕಿದ್ದಾರೆಂದು ತಿಳಿಯಬೇಕು. ಕೊಳ್ಳುವವರು ಅಗ್ಗವೆಂದು ಸಣ್ಣ ಬೇರನ್ನು ಒಯ್ಯುವುದು ಗಿಡಕ್ಕೆ ಮಾಡುವ ಅತಿ ದೊಡ್ಡ ಹಾನಿ.

ಬೇಡಿಕೆ ಬರುವುದು ಎಲ್ಲೆಲ್ಲಿಂದ

ಮನೆಯ ಉಪ್ಪಿನಕಾಯಿಯೊಂದೇ ಆಗಿದ್ದರೆ ಈ ಗಿಡ ಇಷ್ಟು ಬೇಗ ಕಷ್ಟಕ್ಕೆ ಬೀಳುತ್ತಿರಲಿಲ್ಲ. ಬಯಲುಸೀಮೆಯ ಜನ ತಲೆಮಾರುಗಳಿಂದ ತಿಂದದ್ದೇ ಇದು. ಮೊಳಕಾಲ್ಮೂರು, ಚಳ್ಳಕೆರೆ, ಹಿರಿಯೂರಿನ ಗಡಿ ದಾಟಿದರೆ ಆಂಧ್ರದ ರಾಯಲಸೀಮೆ. ಅಲ್ಲಿ ಬೇಸಿಗೆಯ ನನ್ನಾರಿ ಶರಬತ್ತಿಗೆ ದೊಡ್ಡ ಮಾರುಕಟ್ಟೆ. ನನ್ನಾರಿ ಎಂಬ ಹೆಸರು ಸೊಗದೆಯದಾದರೂ ಅಂಗಡಿಯ ಶರಬತ್ತಿಗೆ ಬಳಕೆಯಾಗುವುದು ಹೆಚ್ಚಾಗಿ ಮಾಗಳಿ ಬೇರೇ. ದಪ್ಪ ಬೇರು, ಹೆಚ್ಚು ಘಮ, ಒಂದೇ ಗಿಡಕ್ಕೆ ಕೆ.ಜಿ.ಗಟ್ಟಲೆ ಸಿಗುವ ಅನುಕೂಲ ಇದಕ್ಕೆ ಕಾರಣ. ಆಯುರ್ವೇದದ ಔಷಧಿ ತಯಾರಿಕೆಯಲ್ಲೂ ಸಾರಿವಾ ಎಂಬ ಹೆಸರಿನಲ್ಲಿ ಸೊಗದೆಯ ಬದಲಿಗೆ ಇದು ಹೋಗುತ್ತದೆ.

ಘಮದ ಮೂಲ 2-ಹೈಡ್ರಾಕ್ಸಿ-4-ಮೆಥಾಕ್ಸಿ ಬೆಂಜಾಲ್ಡಿಹೈಡ್ ಎಂಬ ರಾಸಾಯನಿಕ. ಬೇರಿನ ಸುಗಂಧ ತೈಲದ ಬಹುಪಾಲು ಇದೇ. ವೆನಿಲಾದ ವೆನಿಲಿನ್‌ಗೂ ಇದಕ್ಕೂ ಅಣುಸೂತ್ರ ಒಂದೇ, ಜೋಡಣೆ ಮಾತ್ರ ಬೇರೆ. ಮೈಸೂರಿನ ಕೇಂದ್ರೀಯ ಆಹಾರ ತಂತ್ರಜ್ಞಾನ ಸಂಶೋಧನಾ ಸಂಸ್ಥೆಯ (ಸಿಎಫ್‌ಟಿಆರ್‌ಐ) ವಿಜ್ಞಾನಿಗಳು ಈ ಘಮದ ಮೇಲೂ, ದಾಸ್ತಾನು ಧಾನ್ಯದ ಹುಳುಗಳನ್ನು ತಡೆಯುವ ಬೇರಿನ ಗುಣದ ಮೇಲೂ, ಅಂಗಾಂಶ ಕೃಷಿಯಿಂದ ಸಸಿ ಮಾಡುವುದರ ಮೇಲೂ ಕೆಲಸ ಮಾಡಿದ್ದಾರೆ. ಹೊಸ ಉಪಯೋಗ ಗೊತ್ತಾದಂತೆಲ್ಲ ಬೇಡಿಕೆ ಏರುತ್ತದೆ. ಪೂರೈಕೆ ಮಾತ್ರ ಅದೇ ಗುಡ್ಡ, ಅದೇ ಹಾರೆ.

ಕಾನೂನು ಎಲ್ಲಿ ನಿಲ್ಲುತ್ತದೆ

ಜೋಗಿಮಟ್ಟಿ 2015ರಲ್ಲಿ ವನ್ಯಜೀವಿಧಾಮವಾಯಿತು. ಸುಮಾರು 100 ಚದರ ಕಿ.ಮೀ. ಜಗಳೂರಿನ ರಂಗಯ್ಯನದುರ್ಗ 2011ರಿಂದ ಕೊಂಡುಕುರಿ (ನಾಲ್ಕು ಕೊಂಬಿನ ಹುಲ್ಲೆ) ವನ್ಯಜೀವಿಧಾಮ. ಸುಮಾರು 77 ಚದರ ಕಿ.ಮೀ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ 29ನೇ ಕಲಂ ಪ್ರಕಾರ ಇಂಥ ಧಾಮದೊಳಗಿಂದ ಅನುಮತಿಯಿಲ್ಲದೆ ಅರಣ್ಯ ಉತ್ಪನ್ನ ತೆಗೆಯುವಂತಿಲ್ಲ. ತೆಗೆದದ್ದು ಸುತ್ತಮುತ್ತಲ ಜನರ ಸ್ವಂತದ ನೈಜ ಅಗತ್ಯಕ್ಕೆ ಆಗಬಹುದು, ವ್ಯಾಪಾರಕ್ಕೆ ಆಗಬಾರದು. ಇನ್ನೊಂದು ಕಡೆ 2006ರ ಅರಣ್ಯ ಹಕ್ಕು ಕಾಯ್ದೆ ಅರ್ಹ ಕಾಡುವಾಸಿಗಳಿಗೆ ಕಿರು ಅರಣ್ಯ ಉತ್ಪನ್ನದ ಹಕ್ಕು ಕೊಡುತ್ತದೆ. ಬೇರು-ಗೆಡ್ಡೆಗಳೂ ಆ ವ್ಯಾಖ್ಯೆಯೊಳಗೆ ಬರುತ್ತವೆ. ಎರಡೂ ಕಾಯ್ದೆ ಓದಿದರೂ ಬುಡ ಉಳಿಸಿ ಅಗೆಯುವುದು ಹೇಗೆ ಎಂಬ ಒಂದು ಸಾಲು ಸಿಗುವುದಿಲ್ಲ.

ಧಾಮದ ಹೊರಗಿನ ಕಂದಾಯ ಗುಡ್ಡಗಳ ಪಾಡು ಇನ್ನೂ ಕಷ್ಟ. ಗೋಮಾಳದ ಕಲ್ಲುಗುಡ್ಡಕ್ಕೆ ಕಾವಲಿಲ್ಲ. ಧಾಮದೊಳಗೆ ಬಿಗಿ ಮಾಡಿದಷ್ಟೂ ಹಾರೆ ಹಿಡಿದವರು ಈ ಗುಡ್ಡಗಳಿಗೆ ತಿರುಗುತ್ತಾರೆ. ನಿಷೇಧವೊಂದರಿಂದಲೇ ಗಿಡ ಉಳಿಯುತ್ತದೆ ಎಂಬ ವಾದ ನಮಗೆ ಒಪ್ಪಿಗೆಯಾಗದಿರುವುದು ಇದಕ್ಕೆ. ಸಿಕ್ಕಿಬೀಳುವುದು ದಿನಗೂಲಿಯ ಲೆಕ್ಕದಲ್ಲಿ ಅಗೆದವನು. ಚೀಲಗಳನ್ನು ಒಟ್ಟುಗೂಡಿಸಿ ಗಡಿ ದಾಟಿಸಿದವನು ಕಾಣುವುದೇ ಇಲ್ಲ.

ಕಂದಾಯ ಗುಡ್ಡಗಳಿಗೆ ಒಂದು ದಾರಿ 2002ರ ಜೀವವೈವಿಧ್ಯ ಕಾಯ್ದೆಯಲ್ಲಿದೆ. ಗ್ರಾಮ ಪಂಚಾಯಿತಿ ಮಟ್ಟದ ಜೀವವೈವಿಧ್ಯ ನಿರ್ವಹಣಾ ಸಮಿತಿ ಜನತಾ ಜೀವವೈವಿಧ್ಯ ದಾಖಲಾತಿ ಸಿದ್ಧಪಡಿಸಬಹುದು, ತನ್ನ ವ್ಯಾಪ್ತಿಯಿಂದ ವಾಣಿಜ್ಯಕ್ಕೆ ಸಂಗ್ರಹಿಸುವವರಿಂದ ಶುಲ್ಕ ಪಡೆಯಬಹುದು. ಅದೇ ಕಾಯ್ದೆಯಡಿ ದೇವನಹಳ್ಳಿ ಬಳಿಯ ನಲ್ಲೂರಿನ ಹುಣಸೆ ತೋಪು 2007ರಲ್ಲಿ ದೇಶದ ಮೊದಲ ಜೀವವೈವಿಧ್ಯ ಪಾರಂಪರಿಕ ತಾಣವಾಯಿತು. ಒಂದು ತೋಪಿಗೆ ಸಿಕ್ಕ ಮಾನ್ಯತೆಯನ್ನು ಒಂದು ಕಲ್ಲುಗುಡ್ಡಕ್ಕೂ ಕೇಳಬಹುದು. ಕೇಳುವಾಗ ಕೈಯಲ್ಲಿ ಲೆಕ್ಕ ಬೇಕು.

ಬುಡಗಳ ಲೆಕ್ಕ ಹಿಡಿಯುವ ಬಗೆ

ಇದಕ್ಕೆ ದೊಡ್ಡ ಸಲಕರಣೆ ಬೇಡ. ಗುಡ್ಡದ ಇಳಿಜಾರಿನಲ್ಲಿ 200 ಮೀಟರ್ ಉದ್ದದ ಒಂದು ನಡಿಗೆ ಸಾಲನ್ನು ನಿಗದಿ ಮಾಡಿ, ಎರಡೂ ಬದಿ ಐದೈದು ಮೀಟರ್ ನೋಡುತ್ತ ಹೋಗಬೇಕು. ಆಗ ನೋಡಿದ್ದು 2,000 ಚದರ ಮೀಟರ್, ಹೆಚ್ಚುಕಡಿಮೆ ಅರ್ಧ ಎಕರೆ. ತಪ್ಪಲು, ನಡು, ನೆತ್ತಿ ಮೂರೂ ಕಡೆ ಒಂದೊಂದು ಸಾಲಾದರೂ ಇರಲಿ. ತಪ್ಪಲಲ್ಲಿ ಮುಗಿದ ಗಿಡ ನೆತ್ತಿಯಲ್ಲಿ ಉಳಿದಿರುವುದುಂಟು. ವರ್ಷಕ್ಕೆ ಎರಡು ಸುತ್ತು ಸಾಕು: ಹೂವಿನ ಹೊತ್ತಿಗೆ ಮೇ ತಿಂಗಳಲ್ಲಿ ಒಂದು, ಕಾಯಿ ಬಲಿತಿರುವ ಡಿಸೆಂಬರ್‌ನಲ್ಲಿ ಒಂದು. ಬೇಸಿಗೆಯ ಆರಂಭದಲ್ಲಿ ಹೋದರೆ ಎಲೆ ಉದುರಿದ ಬಳ್ಳಿ ಒಣ ಕಡ್ಡಿಗಳ ನಡುವೆ ಕಣ್ಣಿಗೆ ಬೀಳುವುದಿಲ್ಲ, ಲೆಕ್ಕ ತಪ್ಪುತ್ತದೆ.

ಸಾಲಿನಲ್ಲಿ ಸಿಕ್ಕ ಪ್ರತಿ ಬುಡಕ್ಕೂ ಬುಡದ ದಪ್ಪ, ಜೋಡಿ ಕಾಯಿಗಳ ಸಂಖ್ಯೆ, ಸುತ್ತ ಕಾಣುವ ಎಳೆ ಸಸಿಗಳು, ಅಗೆದ ಗುರುತು ಇದೆಯೇ ಎಂಬುದನ್ನು ಬರೆದುಕೊಂಡರೆ ಕೆಲಸ ಆಯಿತು. ಬುಡವಿಲ್ಲದ ಬರಿ ಗುಂಡಿಯನ್ನೂ ಎಣಿಸಬೇಕು. ಬುಡಗಳಿವೆ, ಕಾಯಿಯೇ ಇಲ್ಲ ಎಂದಾದರೆ ಪರಾಗದ ತೊಂದರೆ ಅಥವಾ ಎಲ್ಲವೂ ಎಳೆಯ ಗಿಡಗಳು. ಕಾಯಿ ಇದೆ, ಸಸಿ ಇಲ್ಲ ಎಂದಾದರೆ ಬೆಂಕಿಯನ್ನೋ ಮೇಕೆ-ದನಗಳ ತುಳಿತವನ್ನೋ ಅನುಮಾನಿಸಬೇಕು. ಗುಂಡಿಗಳು ಬುಡಗಳಿಗಿಂತ ಹೆಚ್ಚಾದರೆ ಆ ಗುಡ್ಡದಲ್ಲಿ ಸಂಗ್ರಹವನ್ನು ಕೂಡಲೇ ನಿಲ್ಲಿಸುವ ಮಾತನ್ನು ಗ್ರಾಮಸಭೆಯಲ್ಲಿ ಎತ್ತಬೇಕು. ಒಂದು ಎಚ್ಚರಿಕೆ ಮುಖ್ಯ: ಬುಡಗಳ ನಿಖರ ಸ್ಥಳವನ್ನು ವಾಟ್ಸ್ಆ್ಯಪ್ ಗುಂಪುಗಳಿಗೆ ಹಾಕಬಾರದು. ಒಳ್ಳೆಯ ಉದ್ದೇಶದ ಆ ಚಿತ್ರವೇ ಅಗೆಯುವವರಿಗೆ ನಕ್ಷೆಯಾಗುತ್ತದೆ.

ಹೊಲದಲ್ಲಿ ಬೆಳೆಯುವುದಾದರೆ

ಬೀಜದಿಂದಲೇ ಶುರು ಮಾಡುವುದು ಒಳ್ಳೆಯದು. ಕಾಂಡದ ಕಡ್ಡಿಗೆ ಬೇರು ಬರಿಸುವುದು ಕಷ್ಟ. ಅಂಗಾಂಶ ಕೃಷಿಯ ಸಸಿ ಒಂದೇ ತಾಯಿಯದಾದರೆ ಎಲ್ಲ ಗಿಡವೂ ಒಂದೇ ಬಗೆ; ಒಂದಕ್ಕೆ ಬಂದ ರೋಗ ಎಲ್ಲಕ್ಕೂ.

ಕಾಯಿ ಹಸಿರಿನಿಂದ ಕಂದು ಬಣ್ಣಕ್ಕೆ ತಿರುಗಿ, ಹೊಲಿಗೆಯ ಗೆರೆ ಕಾಣಿಸಿಕೊಂಡಾಗ ಅದರ ಮೇಲೆ ತೆಳು ಬಟ್ಟೆಯದೋ ನೈಲಾನ್ ಬಲೆಯದೋ ಚಿಕ್ಕ ಚೀಲ ಕಟ್ಟಬೇಕು. ತಡಮಾಡಿದರೆ ಒಂದೇ ಗಾಳಿಗೆ ಕಾಯಿ ಖಾಲಿ. ಬೇಗ ಹಸಿಯಾಗಿ ಕಿತ್ತರೆ ಬೀಜ ಜಳ್ಳು. ಒಂದು ಗಿಡದ ಕಾಯಿಗಳಲ್ಲಿ ಕಾಲು ಭಾಗಕ್ಕಿಂತ ಹೆಚ್ಚು ತೆಗೆಯಬಾರದು, ಉಳಿದದ್ದು ಗುಡ್ಡದ ಪಾಲು. ಗುಡ್ಡ ಅರಣ್ಯದ್ದಾಗಿದ್ದರೆ ಬೀಜಕ್ಕೂ ಇಲಾಖೆಯ ಅನುಮತಿ ಪಡೆಯಬೇಕು. ಒಂದೇ ಬಳ್ಳಿಯ ಬೀಜದ ಬದಲು ಹಲವು ಬಳ್ಳಿಗಳಿಂದ ಎರಡೆರಡು ಕಾಯಿ ತಂದರೆ ಹೊಲದ ಗಿಡಗಳಲ್ಲಿ ವೈವಿಧ್ಯ ಉಳಿಯುತ್ತದೆ.

ಬೀಜವನ್ನು ಮೂರು-ನಾಲ್ಕು ದಿನ ನೆರಳಲ್ಲಿ ಒಣಗಿಸಿ, ಕುಚ್ಚು ಬಿಡಿಸಿ, ರಾತ್ರಿ ನೀರಲ್ಲಿ ನೆನೆಸಿ ಬಿತ್ತಬೇಕು. ಮುಂದಿನ ವರ್ಷಕ್ಕೆಂದು ಡಬ್ಬಿಯಲ್ಲಿಟ್ಟ ಬೀಜದ ಮೇಲೆ ಭರವಸೆ ಇಡಬೇಡಿ; ಇದರ ಮೊಳೆಯುವ ಶಕ್ತಿ ತಿಂಗಳು ಕಳೆದಂತೆ ಇಳಿಯುತ್ತದೆ. ಮಡಿಗೆ ಮರಳು ಹೆಚ್ಚಿರಲಿ: ಎರಡು ಪಾಲು ಮರಳು, ಒಂದು ಪಾಲು ಕೆಂಪು ಮಣ್ಣು, ಒಂದು ಪಾಲು ಚೆನ್ನಾಗಿ ಕೊಳೆತ ಗೊಬ್ಬರ. ಬೀಜದ ಮೇಲೆ ಒಂದು ಸೆಂ.ಮೀ.ಗಿಂತ ಹೆಚ್ಚು ಮಣ್ಣು ಬೇಡ. ಅರ್ಧ ನೆರಳು ಕೊಡುವ ಬಲೆ ಹಾಕಿ, ಮಣ್ಣು ಆರದಂತೆ ನೀರು ಚಿಮುಕಿಸುತ್ತಿದ್ದರೆ ಎರಡು-ಮೂರು ವಾರಕ್ಕೆ ಮೊಳಕೆ ಶುರುವಾಗುತ್ತದೆ. ಇಲ್ಲಿ ಕೆಡುವುದು ಬಹುತೇಕ ನೀರು ಜಾಸ್ತಿಯಾಗಿ: ಸಸಿಯ ಕುತ್ತಿಗೆ ಕಪ್ಪಾಗಿ ಕೊಳೆತು ಬೀಳುತ್ತದೆ. ನಾಲ್ಕೆಲೆ ಬಂದ ಮೇಲೆ ಉದ್ದ ಪಾಲಿಥೀನ್ ಚೀಲಕ್ಕೆ ಬದಲಿಸಬೇಕು. ಗಿಡ್ಡ ಚೀಲದಲ್ಲಿ ತಾಯಿಬೇರು ತಳಕ್ಕೆ ತಾಗಿ ಸುರುಳಿ ಸುತ್ತಿಕೊಂಡರೆ, ಮುಂದೆ ಹೊಲದಲ್ಲಿ ಬೇರು ನೇರ ಇಳಿಯುವುದಿಲ್ಲ, ಗಂಟುಗಂಟಾಗುತ್ತದೆ.

ಜೂನ್-ಜುಲೈ ಮಳೆಗೆ ನಾಟಿ. ಒಂದೂವರೆ ಅಡಿ ಉದ್ದ-ಅಗಲ-ಆಳದ ಗುಂಡಿ. ತೆಗೆದ ಮಣ್ಣಿಗೆ ಗರಸು, ಮರಳು, ಎರಡು-ಮೂರು ಕೆ.ಜಿ. ಗೊಬ್ಬರ ಬೆರೆಸಿ ತುಂಬಬೇಕು. ಎರಡು ಮೀಟರ್ ಅಂತರಕ್ಕೆ ಎಕರೆಗೆ ಸುಮಾರು 1,000 ಗಿಡ ಹಿಡಿಸುತ್ತವೆ. ಹೊಸಬರು ಪೂರ್ತಿ ಎಕರೆಗೆ ಹೋಗದೆ ಕಲ್ಲುಬದುಗಳಲ್ಲಿ, ಬೇಲಿಯ ಗುಂಟ ಐವತ್ತು ಗಿಡ ಹಾಕಿ ನೋಡುವುದು ಜಾಣತನ; ಹತ್ತಲು ಬೇಲಿಯೇ ಆಸರೆ. ಗರಸು ಕೆಂಪು ನೆಲ, ಇಳಿಜಾರು ಇದ್ದರೆ ಉತ್ತಮ. ಎರೆ ಭೂಮಿ ಬೇಡ. ಭದ್ರಾ ಕಾಲುವೆಯ ಭತ್ತದ ಗದ್ದೆಯ ಪಕ್ಕದ ಜೌಗಂತೂ ಬೇಡವೇ ಬೇಡ. ನೀರು ನಿಂತರೆ ಮೇಲೆ ಎಲೆ ಹಸಿರಾಗಿರುವಾಗಲೇ ಕೆಳಗೆ ಬೇರು ಕೊಳೆತಿರುತ್ತದೆ.

ಮೂರನೆಯ ವರ್ಷಕ್ಕೆ ಮುಂಚೆ ಅಗೆದರೆ ಸಿಗುವುದು ನಾರು. ಮೂರನೆಯ ವರ್ಷ, ಕಾಯಿ ಬಿರಿದ ಮೇಲೆ, ಬುಡದಿಂದ ಒಂದು ಅಡಿ ದೂರದಲ್ಲಿ ಒಂದೇ ಬದಿಗೆ ಕಾಲುವೆ ತೋಡಿ. ಹೆಬ್ಬೆರಳಿಗಿಂತ ದಪ್ಪ ಬೇರುಗಳನ್ನು ಮಾತ್ರ, ಬುಡದಿಂದ ಗೇಣು ಬಿಟ್ಟು, ಹರಿತ ಕುಡುಗೋಲಿನಿಂದ ಕತ್ತರಿಸಿ. ಎಳೆದು ಮುರಿದರೆ ಗಾಯ ಸೀಳಾಗಿ ಕೊಳೆ ಬುಡಕ್ಕೆ ಏರುತ್ತದೆ. ಒಟ್ಟು ಬೇರುಗಳಲ್ಲಿ ಮೂರನೇ ಒಂದಕ್ಕಿಂತ ಹೆಚ್ಚು ತೆಗೆಯದೆ, ಮಣ್ಣು ಮುಚ್ಚಿ, ಎರಡು ವರ್ಷ ಬಿಟ್ಟು ಎದುರು ಬದಿಗೆ ಹೋಗಬೇಕು. ಗುಡ್ಡದಲ್ಲಿ ಹಕ್ಕಿರುವವರು ಅಗೆಯುವಾಗಲೂ ಇದೇ ಕ್ರಮ ಸಾಧ್ಯ. ಕಲ್ಲು ಉರುಳಿಸದೆ ಕೈಗೆ ಸಿಕ್ಕಷ್ಟನ್ನು ತೆಗೆದು, ಉರುಳಿಸಿದ್ದರೆ ಮರಳಿ ಇಟ್ಟು, ಸಂದಿಗೆ ಮಣ್ಣು ತುಂಬಬೇಕು. ಇದಕ್ಕೆ ಹೊತ್ತು ಹೆಚ್ಚು ಹಿಡಿಯುತ್ತದೆ. ಬುಡ ಉಳಿಸಿದ ಬೇರಿಗೆ ಕೊಳ್ಳುವವರು ಹೆಚ್ಚಿನ ಬೆಲೆ ಕೊಡದಿದ್ದರೆ ಯಾರೂ ಅಷ್ಟು ತಾಳ್ಮೆ ತೋರುವುದಿಲ್ಲ.

ಬೆಳೆದವರಿಗೆ ಇನ್ನೊಂದು ತಲೆನೋವು ಸಾಗಣೆ. ಚೆಕ್‌ಪೋಸ್ಟಿನಲ್ಲಿ ಹೊಲದ ಬೇರಿಗೂ ಕಾಡಿನ ಬೇರಿಗೂ ವ್ಯತ್ಯಾಸ ಹೇಳುವವರಾರು? ನಾಟಿಯಾದ ವರ್ಷವೇ ಬೆಳೆ ಸಮೀಕ್ಷೆಯಲ್ಲಿ ದಾಖಲಿಸಿ, ಪಹಣಿಯಲ್ಲಿ ಬರುವಂತೆ ನೋಡಿಕೊಂಡು, ವಲಯ ಅರಣ್ಯ ಕಚೇರಿಗೆ ಬರಹದಲ್ಲಿ ತಿಳಿಸಿ ಸ್ವೀಕೃತಿ ಇಟ್ಟುಕೊಂಡರೆ ಮೂರು ವರ್ಷದ ಮೇಲೆ ಒದ್ದಾಡಬೇಕಿಲ್ಲ. ಸಡಿಲ ಮಣ್ಣಿನ ಬೇರು ಸಾಮಾನ್ಯವಾಗಿ ನೇರ, ಒಂದೇ ದಪ್ಪ. ಸಂದಿಯ ಬೇರು ಕಲ್ಲಿಗೆ ಒತ್ತಿ ಚಪ್ಪಟೆಯಾಗಿ, ಅಂಕುಡೊಂಕಾಗಿರುತ್ತದೆ. ಸಂತೆಯಲ್ಲಿ ಕೊಳ್ಳುವವರು ಇದನ್ನು ನೋಡಲು ಕಲಿತರೆ ಬೆಳೆದವನಿಗೆ ನ್ಯಾಯದ ಬೆಲೆ ಕೇಳುವ ಧೈರ್ಯ ಬರುತ್ತದೆ.

ಹಿರಿಯೂರಿನ ಬಬ್ಬೂರು ಫಾರ್ಮಿನ ಕೃಷಿ ವಿಜ್ಞಾನ ಕೇಂದ್ರ, ದಾವಣಗೆರೆಯ ತರಳಬಾಳು ಕೃಷಿ ವಿಜ್ಞಾನ ಕೇಂದ್ರ, ಅರಣ್ಯ ಇಲಾಖೆಯ ನರ್ಸರಿಗಳು ಇವುಗಳಿಂದ ರೈತರು ಕೇಳಬೇಕಾದದ್ದು ಒಂದೊಂದು ಬೀಜತೋಟ: ಜೋಗಿಮಟ್ಟಿ, ಮೊಳಕಾಲ್ಮೂರು, ಜಗಳೂರು ಕಡೆಯ ಬೇರೆ ಬೇರೆ ಗುಡ್ಡಗಳ ಬೀಜದಿಂದ ಬೆಳೆಸಿದ, ಎಂದಿಗೂ ಬೇರಿಗೆ ಅಗೆಯದ ನೂರಿನ್ನೂರು ಬುಡಗಳು. ಅವು ಕಾಯಿ ಕಟ್ಟಲು ತೊಡಗಿದರೆ ನರ್ಸರಿಗೆ ಬೀಜಕ್ಕೂ ಗುಡ್ಡಕ್ಕೆ ಹೋಗುವ ಅಗತ್ಯ ಬೀಳುವುದಿಲ್ಲ. ಕಾಯಿ ಬಿರಿಯುವುದು ಬೇಸಿಗೆಯ ಬಾಗಿಲಲ್ಲಿ, ಬಿತ್ತನೆಯೂ ಆಗಲೇ. ಹಾಗಾಗಿ ಅನುಮತಿಯ ಅರ್ಜಿ, ಚೀಲ ಕಟ್ಟುವ ಜನ, ಮಡಿಯ ಮರಳು ಎಲ್ಲವೂ ದೀಪಾವಳಿಯ ಹೊತ್ತಿಗೇ ಸಿದ್ಧವಿರಬೇಕು. ಫೆಬ್ರವರಿಯಲ್ಲಿ ಸಭೆ ಕರೆದರೆ ಆ ವರ್ಷ ಹೋಯಿತೆಂದೇ ಲೆಕ್ಕ.